ಸವಡಿ ಶಾಲೆಯ ಅಂಗಳದಲ್ಲಿ ಸಮುದ್ರ

ಶಾಲಾ ತಪಾಸಣೆಯ ಸಾಹೇಬರ ಪತ್ರ ಬಂದ ದಿನ ನಾನು ನಾಲ್ಕನೆಯ ಇಯತ್ತೆಯ ಮಕ್ಕಳಿಂದ ಮಗ್ಗಿ ಹೇಳಿಸುತ್ತಿದ್ದೆ. ರೋಣದಿಂದ ಸೈಕಲ್ ಮೇಲೆ ಬಂದ ಸಿಪಾಯಿ ಲಕೋಟೆ ಕೊಟ್ಟ, ಒಂದು ತಂಬಿಗೆ ನೀರು ಕುಡಿದ, "ಸಾಹೇಬ್ರು ಬರೂದ್ರಾಗ ಗ್ವಾಡಿಗೆ ಸುಣ್ಣಾ ಹಚ್ಚಿಸ್ಕೋರಿ ಮಾಸ್ತರ" ಎಂದು ಪುಕ್ಕಟೆ ಬುದ್ಧಿವಾದವನ್ನೂ ಹೇಳಿ ಹೋದ.

ಪತ್ರದಲ್ಲಿ ಎರಡು ಸಂಗತಿಗಳಿದ್ದವು. ಮೂರು ವಾರ ಬಿಟ್ಟು ಸುತ್ತಲಿನ ಊರುಗಳ ಶಿಕ್ಷಕರೆಲ್ಲ ಸವಡಿಯಲ್ಲಿ ಸೇರುತ್ತಾರೆ, ಅವರ ಮುಂದೆ ನಾನು ಭೂಗೋಳದ ನಮೂನೆ ಪಾಠ ಮಾಡಬೇಕು. ವಿಷಯ, ಕರಾವಳಿಯ ಒಂದು ಚಿಕ್ಕ ಮೀನುಗಾರರ ಊರು, ಅದರ ನೆಲ, ನೀರು ಮತ್ತು ಜನಜೀವನ. ಎರಡನೆಯದನ್ನು ಸಾಹೇಬರು ಕೊನೆಯಲ್ಲಿ ತಮ್ಮ ಕೈಯಿಂದಲೇ ಬರೆದಿದ್ದರು. ಊರವರು ಕೊಟ್ಟಿದ್ದ ಐದನೆಯ ಇಯತ್ತೆಯ ಅರ್ಜಿಯನ್ನು ಅಂದೇ ವಿಚಾರಿಸಲಾಗುವುದು. ಪಾಠ ಹೇಗಿದೆ, ಕೂಡ್ರಿಸಲು ಜಾಗ ಇದೆಯೇ, ಎರಡನ್ನೂ ನೋಡಲಾಗುವುದು.

ನಾನು ಮತ್ತೆ ಮತ್ತೆ ಓದಿದ್ದು ಆ ಕೊನೆಯ ಸಾಲನ್ನು. ನಮ್ಮ ಶಾಲೆ ನಾಲ್ಕಕ್ಕೆ ಮುಗಿಯುತ್ತಿತ್ತು. ಗಂಡುಮಕ್ಕಳು ಬುತ್ತಿ ಕಟ್ಟಿಕೊಂಡು ರೋಣಕ್ಕೆ ನಡೆದುಹೋಗಿ ಮುಂದೆ ಓದುತ್ತಿದ್ದರು. ಹೆಣ್ಣುಮಕ್ಕಳು ಪಾಟಿಯನ್ನು ಗೋಡೆಯ ಮಾಡದಲ್ಲಿಟ್ಟು ರೊಟ್ಟಿ ಬಡಿಯಲು ಕೂಡುತ್ತಿದ್ದರು. ಆ ವರ್ಷ ನಾಲ್ಕನೆಯ ಇಯತ್ತೆಯಲ್ಲಿ ಐದು ಜನ ಹುಡುಗಿಯರಿದ್ದರು. ಅವರಲ್ಲಿ ಊರ ಗೌಡರ ಮಗಳೊಬ್ಬಳು. ನಾನು ಬೋರ್ಡಿನ ಮೇಲೆ ಬರೆದ ಲೆಕ್ಕದಲ್ಲಿ ತಪ್ಪು ಹುಡುಕಿ, ಕೈಯೆತ್ತಿ, ಎಲ್ಲರೆದುರು ತಿದ್ದಿಸುವಂಥವಳು. ಸಿಟ್ಟು ಬರುತ್ತಿತ್ತು. ಆದರೆ ಅವಳು ಬರದ ದಿನ ಪಾಠ ಮಾಡುವುದಕ್ಕೇ ಬೇಸರವಾಗುತ್ತಿತ್ತು ಎಂಬುದೂ ಖರೆ.

ಗೌಡರು ಮಾತು ಮುಗಿಸಿಬಿಟ್ಟಿದ್ದರು. "ಊರಾಗ ಐದನೇದು ಆತಂದ್ರ ಕಲೀಲಿ. ರೋಣಕ್ಕ ಮಾತ್ರ ನಾ ಕಳಸೂದಿಲ್ಲ." ಅವರ ಮಗಳು ಹೋಗದಿದ್ದರೆ ಉಳಿದ ನಾಲ್ವರ ಮನೆಯಲ್ಲಿ ಯಾರೂ ಕಳಿಸುವವರಲ್ಲ. ಜಾಗದ ಪ್ರಶ್ನೆಯೂ ಅವರದೇ ಕೈಯಲ್ಲಿತ್ತು. ಶಾಲೆಗೆ ಹೊಂದಿಕೊಂಡು ಅವರ ಹತ್ತಿ ತುಂಬುವ ಖೋಲಿಯೊಂದು ಖಾಲಿ ಬಿದ್ದಿತ್ತು. ಕೊಡುತ್ತೀರಾ ಎಂದು ಕೇಳಿದಾಗೆಲ್ಲ, "ನೋಡೂಣು" ಎನ್ನುತ್ತಿದ್ದರು. ಗೌಡರ "ನೋಡೂಣು" ಒಳಗೆ ಹೌದೂ ಇರುತ್ತಿತ್ತು, ಅಲ್ಲವೂ ಇರುತ್ತಿತ್ತು.

ಇನ್ನು ನನ್ನ ಕಷ್ಟ. ನಾನು ಸಮುದ್ರವನ್ನೇ ನೋಡಿರಲಿಲ್ಲ. ನಾನು ಚಿಕ್ಕನರಗುಂದದವನು. ಚಿಕ್ಕಂದಿನಲ್ಲಿ ನರಗುಂದದ ಗುಡ್ಡ ಹತ್ತಿದಾಗ ಪಡುವಣಕ್ಕೆ ನೀಲಿ ಗೆರೆಯೊಂದು ಕಾಣುತ್ತಿತ್ತು. ಅದೇ ಸಮುದ್ರ ಎಂದು ಜೊತೆಯವನೊಬ್ಬ ಹೇಳಿದ್ದ. ಅದು ಸವದತ್ತಿ ಕಡೆಯ ಗುಡ್ಡ ಎಂದು ತಿಳಿಯುವ ಹೊತ್ತಿಗೆ ನನಗೆ ಮೀಸೆ ಬಂದಿತ್ತು. ಹಾಗಿದ್ದೂ ಹೊಸದಾಗಿ ಮಾಸ್ತರನಾದ ಹುರುಪಿನಲ್ಲಿ, "ಟ್ರೇನಿಂಗಿನಲ್ಲಿದ್ದಾಗ ಸಮುದ್ರಕ್ಕೆ ಹೋಗಿದ್ದೆ" ಎಂದು ಮಕ್ಕಳ ಮುಂದೆ ಕೊಚ್ಚಿಕೊಂಡಿದ್ದೆ. ಆ ಸುಳ್ಳು ಎರಡು ವರ್ಷ ಸುಮ್ಮನೆ ಮಲಗಿತ್ತು. ಈಗ ಎದ್ದು ಕೂತಿತು.

ಪುಸ್ತಕದಲ್ಲಿ ಆ ಪಾಠ ಅರ್ಧ ಪುಟ ಇತ್ತು. ಜೊತೆಗೊಂದು ಚಿತ್ರ, ಮಸಿ ಜಾಸ್ತಿಯಾಗಿ ದೋಣಿ ಯಾವುದು, ತೆಂಗಿನ ಮರ ಯಾವುದು ತಿಳಿಯುತ್ತಿರಲಿಲ್ಲ. ಇಷ್ಟನ್ನು ಓದಿ ಹೇಳಿದರೆ ಸಾಹೇಬರು ಆಕಳಿಸುತ್ತಾರೆ. ಅಂಗಳದಲ್ಲಿಯೇ ಒಂದು ಕಡಲ ದಂಡೆಯ ಊರು ಕಟ್ಟಿಬಿಡೋಣ ಎಂದು ನಿಶ್ಚಯಿಸಿದೆ.

ಮೊದಲು ದಿಕ್ಕು. ಅಂಗಳದ ನಡುವೆ ಗೂಟ ನೆಟ್ಟು, ಬೆಳಿಗ್ಗೆ ಅದರ ನೆರಳಿನ ತುದಿಗೆ ಒಂದು ಕಲ್ಲಿಟ್ಟೆವು. ಮಧ್ಯಾಹ್ನದ ಮೇಲೆ ನೆರಳು ಮತ್ತೆ ಅಷ್ಟೇ ಉದ್ದವಾದಾಗ ಇನ್ನೊಂದು ಕಲ್ಲು. ಎರಡೂ ಕಲ್ಲುಗಳನ್ನು ಹುರಿಯಿಂದ ಜೋಡಿಸಿದಾಗ ಪೂರ್ವ ಪಶ್ಚಿಮದ ಗೆರೆ ಸಿಕ್ಕಿತು. ಹನ್ನೆರಡು ಮೊಳ ಉದ್ದ, ಎಂಟು ಮೊಳ ಅಗಲ ಗುರುತು ಮಾಡಿದೆವು. ಒಂದು ಮೊಳಕ್ಕೆ ಒಂದು ಫರ್ಲಾಂಗು. ಪೂರ್ವಕ್ಕೆ ಘಟ್ಟ, ಅಲ್ಲಿಂದ ಇಳಿದು ಬರುವ ಹೊಳೆ, ಹೊಳೆ ಕಡಲು ಸೇರುವ ಬಾಯಿಯಲ್ಲಿ ಊರು, ಪಶ್ಚಿಮಕ್ಕೆ ಮೊಳಕಾಲುದ್ದ ತಗ್ಗು ತೋಡಿ ಸಮುದ್ರ. ಮಣ್ಣಿಗೇನು ಬರ? ನಮ್ಮದು ಎರೆ ಸೀಮೆ. ಶಾಲೆಯ ಹಿಂದಿನ ಹೊಲದಿಂದ ಬುಟ್ಟಿಗಟ್ಟಲೆ ಕಪ್ಪು ಮಣ್ಣು ತಂದು, ಕಲಸಿ, ತುಳಿದು, ಘಟ್ಟ ಮೆತ್ತಿ, ದಂಡೆ ಕಟ್ಟಿದೆವು. ಎಲ್ಲ ಮುಗಿದಾಗ ಅಷ್ಟು ಚೆಂದ ಕಾಣುತ್ತಿತ್ತೆಂದರೆ ನಾನು ಹೋಗುತ್ತ ಬರುತ್ತ ಅದನ್ನೇ ನೋಡುತ್ತಿದ್ದೆ.

ಶಿವರಾತ್ರಿ ಕಳೆದಿತ್ತು. ಎರಡು ದಿನದ ಬಿಸಿಲು ಸಾಕಾಯಿತು. ಎರೆಮಣ್ಣು ಒಣಗಿ ಬಿರಿಯಿತು. ಘಟ್ಟದಲ್ಲಿ ಅಂಗೈ ತೂರುವಷ್ಟು ಸೀಳು, ಊರಿನ ನಡುವೆ ಸೀಳು, ಸಮುದ್ರದ ತಳದಲ್ಲಿ ಸೀಳು. ನೀರು ಹಾಕಿದರೆ ಕೂಡಿಕೊಳ್ಳುತ್ತದೆ ಎಂದು ಮಕ್ಕಳನ್ನು ದನ ಮೈತೊಳೆಯುವ ಹೊಂಡಕ್ಕೆ ಕಳಿಸಿ ಇಪ್ಪತ್ತು ಕೊಡ ನೀರು ತರಿಸಿ ಸುರಿಸಿದೆ. ಕೊನೆಯ ಕೊಡ ಸುರಿಯುವ ಹೊತ್ತಿಗೆ ಮೊದಲನೆಯದು ಪಾತಾಳ ಸೇರಿತ್ತು. ಉಳಿದ ಮಣ್ಣು ಉಬ್ಬಿ ದಂಡೆ ಕುಸಿದು, ಊರು ಪೂರ್ತಿ ಜಾರಿ ಕಡಲೊಳಗೆ ಬಿತ್ತು.

"ಸಮುದ್ರಾ ಬತ್ತಿತ್ರೀ ಸರ!" ಎಂದು ಮಕ್ಕಳು ಕುಣಿದಾಡಿದರು.

ಗೌಡರು ಅಷ್ಟು ಹೊತ್ತೂ ಕಟ್ಟೆಯ ಮೇಲೆ ಕೂತು ಎಲೆ ಅಡಿಕೆ ಹಾಕಿಕೊಳ್ಳುತ್ತ ನೋಡುತ್ತಿದ್ದರು. ಎದ್ದು ಬಂದು ಕೆಸರಿಗೆ ಕೋಲು ಚುಚ್ಚಿ ನೋಡಿ ಕೇಳಿದರು:

"ಮಾಸ್ತರ, ನೀವು ಒಕ್ಕಲಗ್ಯಾರ ಮನ್ಯಾಗ ಹುಟ್ಟೀರೋ ಇಲ್ಲೋ?"

"ಹುಟ್ಟೇನ್ರಿ."

"ನಿಮ್ಮ ಮನಿ ಮಾಳಿಗಿಗೆ ಯಾವ ಮಣ್ಣ ಹಾಕ್ತಾರ? ಎರಿ ಮಣ್ಣೋ?"

ನಾನು ತಲೆ ತಗ್ಗಿಸಿದೆ. ನಮ್ಮ ಕಡೆಯ ಮಾಳಿಗೆ ಮನೆಗಳ ಮೇಲೆ ಮಳೆಗಾಲಕ್ಕೆ ಮುಂಚೆ ಸವಳು ಮಣ್ಣು ಹರಡುತ್ತಾರೆ. ಬಿಳುಪಾದ, ನಾಲಿಗೆಗೆ ಉಪ್ಪೆನಿಸುವ ಮಣ್ಣು. ಅದರೊಳಗೆ ನೀರು ಇಳಿಯುವುದಿಲ್ಲ. ಅಪ್ಪನ ಜೊತೆ ಎಷ್ಟು ಸಲ ಬುಟ್ಟಿ ಹೊತ್ತು ಏಣಿ ಹತ್ತಿದ್ದೆನೋ. ಅದೆಲ್ಲ ಟ್ರೇನಿಂಗ್ ಆದ ಮೇಲೆ ಮರೆತೇಹೋಗಿತ್ತು.

"ನಾಳೆ ನನ್ನ ಬಂಡಿ ಕಳಸ್ತೇನಿ. ಹಳ್ಳದ ದಂಡಿಗೆ ಚಲೋ ಸವಳು ಐತಿ" ಎಂದರು ಗೌಡರು. ಖೋಲಿಯ ಮಾತು ಎತ್ತಲು ಬಾಯಿ ತೆರೆದೆ. "ಅದನ್ನ ನೋಡೂಣು" ಎಂದು ಹೋದರು.

ಸವಳು ಬಂತು. ಜರಡಿ ಹಿಡಿದು, ನೆನೆಹಾಕಿ, ಕಡಲಿನ ತಳಕ್ಕೆ ಮೂರು ಪದರ ಬಳಿದು, ಒಂದೊಂದು ಪದರವನ್ನೂ ಕೊಡತಿಯಿಂದ ಬಡಿದು, ಮೇಲೆ ಸಗಣಿ ಸಾರಿಸಿ, ಕುಸಿದ ಘಟ್ಟ, ಊರುಗಳನ್ನೂ ಅದೇ ಮಣ್ಣಿನಿಂದ ಮತ್ತೆ ಎಬ್ಬಿಸಿದೆವು. ಒಂದು ಕೊಡ ನೀರು ಸುರಿದು ಬೆಳಗಿನತನಕ ಬಿಟ್ಟರೆ ಒಂದು ಬೆರಳಷ್ಟೂ ಇಳಿದಿರಲಿಲ್ಲ. ಮಕ್ಕಳು ಬೊಗಸೆಯಲ್ಲಿ ಆ ನೀರೆತ್ತಿ ನೆಕ್ಕಿ ನೋಡಿ, "ಸರ, ಉಪ್ಪೈತ್ರಿ! ಖರೇ ಸಮುದ್ರ!" ಎಂದರು. ನಾನು ಮತ್ತೆ ಬೀಗಿದೆ.

ಬೀಗಿದ್ದು ಅರ್ಧ ದಿನವೂ ಉಳಿಯಲಿಲ್ಲ. ಅಂದು ಮಧ್ಯಾಹ್ನ ಗೌಡರ ಮಗಳು ಕೈಯೆತ್ತಿದಳು. "ಸರ, ಅಷ್ಟು ಉಪ್ಪ ನೀರಿನ ದಂಡ್ಯಾಗ ಮಂದಿ ಕುಡಿಯಾಕ ನೀರ ಎಲ್ಲಿಂದ ತರ್ತಾರ್ರೀ?"

ಗೊತ್ತಿರಲಿಲ್ಲ. "ಹೊಳೆಯಿಂದ" ಎಂದೆ.

"ಹೊಳಿ ಬಾಯಾಗ ಉಪ್ಪನೀರ ಒಳಗ ಬರಾಂಗಿಲ್ಲೇನ್ರೀ?"

ಅದೂ ಗೊತ್ತಿರಲಿಲ್ಲ. ಇನ್ನೊಂದು ಸುಳ್ಳು ನಾಲಿಗೆಯ ತುದಿಗೆ ಬಂದಿತ್ತು. ಸಾಹೇಬರ ಮುಂದೆಯೂ ಇವಳು ಹೀಗೆಯೇ ಕೈಯೆತ್ತುತ್ತಾಳೆ ಎಂಬುದು ಹೊಳೆಯಿತು. ಸೀಮೆಸುಣ್ಣ ಕೆಳಗಿಟ್ಟು, "ನೋಡ್ರಿ, ನಾನು ಸಮುದ್ರ ನೋಡಿಲ್ಲ. ಹಿಂದೆ ಹೇಳಿದ್ದು ಸುಳ್ಳು" ಎಂದೆ.

"ನಮಗ ಗೊತ್ತಿತ್ರೀ ಸರ" ಎಂದಳು ಹುಡುಗಿ ಸಹಜವಾಗಿ.

"ಹ್ಯಾಂಗ?"

"ಒಂದ ದಿನಾ ಆ ದಂಡಿ ಕಾಣಸ್ತೈತಿ ಅಂದಿದ್ರಿ. ಇನ್ನೊಂದ ದಿನಾ ಕಾಣ್ಸೂದಿಲ್ಲ ಅಂದಿದ್ರಿ. ಒಮ್ಮೆ ನರಗುಂದದ ಕೆರಿಗಿಂತ ಹತ್ತ ಪಟ್ಟ ದೊಡ್ಡದು ಅಂದಿದ್ರಿ."

ಇಡೀ ವರ್ಗ ನಕ್ಕಿತು. ನಾನೂ ನಕ್ಕೆ. ಎರಡು ವರ್ಷದಿಂದ ಹೊತ್ತ ಹೊರೆ ಇಳಿದಂತಾಗಿತ್ತು. ಗೊತ್ತಿದ್ದವರನ್ನು ಕೇಳೋಣ ಎಂದು ಮರುದಿನ ರೋಣದ ದಾರಿ ಹಿಡಿದೆ.

ರೋಣದ ದವಾಖಾನೆಯಲ್ಲಿ ಕರಾವಳಿ ಕಡೆಯ ನರ್ಸಬಾಯಿ ಒಬ್ಬರಿದ್ದರು. ನಲವತ್ತರ ಆಸುಪಾಸಿನ ಹೆಂಗಸು. ಇಂಜೆಕ್ಷನ್‌ಗಿಂತ ಅವರ ಮಾತಿಗೇ ಜನ ಹೆಚ್ಚು ಹೆದರುತ್ತಿದ್ದರು. ನಾನು ಪುಸ್ತಕ ನೋಡಿ ಬರೆದುಕೊಂಡಿದ್ದ ಪಾಠವನ್ನು ಅವರ ಕೈಗೆ ಕೊಟ್ಟೆ. ನಿಂತಲ್ಲೇ ಓದಿ ಮುಗಿಸಿದರು.

"ಮಾಸ್ತರರೇ, ಇದನ್ನು ಕೇಳಿದರೆ ನಮ್ಮೂರ ಬೆಕ್ಕು ಕೂಡ ನಗ್ತದೆ. ದಿನಾ ಬೆಳಿಗ್ಗೆ ಮೀನುಗಾರರು ಸಮುದ್ರಕ್ಕೆ ಹೋಗುವರು ಅಂತ ಬರೆದಿದ್ದೀರಿ. ಹೋಗುವುದು ನಾವು ಹೇಳಿದಾಗ ಅಲ್ಲ, ಸಮುದ್ರ ಹೇಳಿದಾಗ."

ರೋಗಿಗಳ ಗದ್ದಲ ಇಳಿದ ಮೇಲೆ ದವಾಖಾನೆಯ ಹಿಂದಿನ ಬೇವಿನ ನೆರಳಲ್ಲಿ ಕೂತು, ಕಡ್ಡಿಯಿಂದ ನೆಲದ ಮೇಲೆ ತಮ್ಮ ಊರನ್ನು ಗೀಚಿ ತೋರಿಸಿದರು. ಹೊಳೆ ಕಡಲಿಗೆ ಸೇರುವ ಬಾಯಿಗೆ ಅಳಿವೆ ಎನ್ನುತ್ತಾರೆ. ಅಲ್ಲಿ ನೀರಿನಡಿ ಮರಳಿನ ದಿಬ್ಬ ಇರುತ್ತದೆ. ಕಡಲು ದಿನಕ್ಕೆ ಎರಡು ಸಲ ಏರುತ್ತದೆ, ಎರಡು ಸಲ ಇಳಿಯುತ್ತದೆ. ಏರುವುದು ಭರತ, ಇಳಿಯುವುದು ಇಳಿತ. ಇಳಿದಾಗ ದೋಣಿ ದಿಬ್ಬ ದಾಟುವುದಿಲ್ಲ. ಏರುವ ತನಕ ಕಾಯಬೇಕು. ಆ ಹೊತ್ತಿನಲ್ಲಿ ಹೆಂಗಸರು ಸೀರೆ ಎತ್ತಿಕಟ್ಟಿ ಕೆಸರಿಗಿಳಿದು ಚಿಪ್ಪಿ ಆರಿಸುತ್ತಾರೆ. ಉಪ್ಪುನೀರು ಹೊಳೆಯೊಳಗೆ ಮೈಲಿಗಟ್ಟಲೆ ಬರುತ್ತದೆ. ಕುಡಿಯುವ ನೀರಿಗೆ ತೆಂಗಿನ ತೋಟದ ಮರಳಲ್ಲಿ ಬಾವಿ ತೋಡುತ್ತಾರೆ. ಮೇಲೆಮೇಲೆ ಸಿಹಿ, ಆಳ ತೋಡಿದರೆ ಉಪ್ಪು. ಮಳೆಗಾಲದಲ್ಲಿ ಕಡಲಿಗೆ ಯಾರೂ ಇಳಿಯುವುದಿಲ್ಲ, ಬಲೆ ರಿಪೇರಿ ಮಾಡುತ್ತ ಕೂಡುತ್ತಾರೆ. ಆಮೇಲೆ ರಂಪಣಿ ಎಂಬ ಭಾರೀ ಬಲೆ. ಒಬ್ಬೊಬ್ಬರ ಮನೆಯಿಂದ ಒಂದೊಂದು ತುಂಡು ತಂದು ಹೊಲಿದು ಒಂದು ಮಾಡಿದ್ದು. ದಂಡೆಯ ಮೇಲೆ ನಿಂತು ಊರಿಗೆ ಊರೇ ಅದನ್ನು ಎಳೆಯುತ್ತದೆ. ತುಂಡು ಕೊಟ್ಟ ಪ್ರತಿಯೊಂದು ಮನೆಗೂ ಮೀನಿನಲ್ಲಿ ಪಾಲು.

"ಇದು ನಮ್ಮ ಆಯ ಇದ್ದಂಗ ಆತಲ್ರೀ!" ಎಂದೆ. ನಮ್ಮಲ್ಲಿ ರಾಶಿಯಾದ ಮೇಲೆ ಕಣದಲ್ಲಿಯೇ ಬಿತ್ತುವ ಕೂರಿಗೆ ಮಾಡಿಕೊಟ್ಟ ಬಡಿಗನಿಗೆ, ನೇಗಿಲ ಕುಡ ಬಡಿದ ಕಮ್ಮಾರನಿಗೆ, ಹೀಗೆ ದುಡಿದವರಿಗೆಲ್ಲ ಕಾಳಿನ ಪಾಲು ಅಳೆಯುತ್ತಾರೆ. ಅದೇ ಆಯ.

"ನಿಮ್ಮದು ಜೋಳದ ಕಣ, ನಮ್ಮದು ಮೀನಿನ ಕಣ" ಎಂದರು ನರ್ಸಬಾಯಿ. ಪಾಠದ ಬೆನ್ನೆಲುಬು ನನಗೆ ಸಿಕ್ಕಿತ್ತು.

ಪಾಠದ ದಿನ ನೀವೇ ಬರಬೇಕು ಎಂದು ಕೇಳಿಕೊಂಡೆ. "ಬರುತ್ತೇನೆ. ಅಮ್ಮ ಕಳಿಸಿದ ಒಣಮೀನು ಇದೆ, ಅದನ್ನೂ ತರುತ್ತೇನೆ. ಮೀನೇ ಇಲ್ಲದ ಮೀನುಗಾರರ ಊರು ಎಂಥದ್ದು?" ಎಂದರು. ಮೀನಿನ ವಾಸನೆಯನ್ನೂ ಸಹಿಸದ ಗೌಡರನ್ನು ನೆನೆಯುತ್ತ ನಾನು ಸವಡಿಗೆ ಮರಳಿದೆ.

ಗೌಡರ ಉತ್ತರ ನಾನು ಅಂದುಕೊಂಡಂತೆಯೇ ಬಂತು. "ಬಾಯಾರು ಬರ್ಲಿ, ಮನಿ ಮಗಳು ಬಂದಂಗ ಬರ್ಲಿ. ಮೀನ ಮಾತ್ರ ಸಾಲಿ ಹೊಸ್ತಲಾ ದಾಟೂಹಂಗಿಲ್ಲ. ದಾಟಿತು ಅಂದ್ರ ಖೋಲಿ ಸುದ್ದಿ ತಗೀಬ್ಯಾಡ್ರಿ."

ಮಕ್ಕಳು ದಾರಿ ಹುಡುಕಿದರು. ನಮ್ಮ ಕಡೆ ಜೋಳದ ದಂಟಿನ ಬೆಂಡಿನಿಂದ ಎತ್ತು, ಬಂಡಿ ಮಾಡಿ ಆಡುವುದುಂಟು. ಅದೇ ಬೆಂಡಿನಿಂದ ದೋಣಿಗಳನ್ನೂ ಒಂದು ಬುಟ್ಟಿ ತುಂಬ ಮೀನುಗಳನ್ನೂ ಕೊರೆದರು. ಬಲೆಗೆ ಗಜೇಂದ್ರಗಡದ ನೇಕಾರರೊಬ್ಬರಿಂದ ಉಳಿಕೆ ನೂಲು ತಂದೆ. ಗಂಟು ಹಾಕುವುದನ್ನು ಯಾರಿಗೂ ಹೇಳಿಕೊಡಬೇಕಾಗಲಿಲ್ಲ. ಕಣ ತುಳಿಯುವ ಎತ್ತಿನ ಬಾಯಿಗೆ ಬಿಗಿಯುವ ಬಾಯಿಚಿಕ್ಕವನ್ನು ಅವರೆಲ್ಲ ಹೆಣೆದು ಬಲ್ಲವರು. ಒಬ್ಬೊಬ್ಬರು ಒಂದೊಂದು ತುಂಡು ಹೆಣೆದು ತಂದರು. ಎಲ್ಲವನ್ನೂ ಜೋಡಿಸಿದೆವು.

ಒಂದು ಭಾನುವಾರ ನರ್ಸಬಾಯಿ ಬಂದು ತಾಲೀಮು ನೋಡಿದರು. ಬೆಂಡಿನ ಮೀನುಗಳೆಲ್ಲ ನೀರಿನ ಮೇಲೆ ಹೊಟ್ಟೆ ಮೇಲಾಗಿ ತೇಲುತ್ತಿದ್ದವು. "ಅಯ್ಯೋ, ಇವೆಲ್ಲ ಸತ್ತು ಮೂರು ದಿನವಾಗಿದೆ!" ಎಂದು ನಕ್ಕು ನಕ್ಕು ಕಣ್ಣೊರೆಸಿಕೊಂಡರು. ಪ್ರತಿ ಮೀನಿನ ಹೊಟ್ಟೆಗೂ ಒಂದು ಹರಳು ಸಿಕ್ಕಿಸಿದಾಗ ಮುಳುಗಿ ನಿಂತವು. ಏರಿಳಿತ ತೋರಿಸಲು ಸಮುದ್ರದ ತಳದಿಂದ ಹೊರಗಿನ ತಗ್ಗಿಗೆ ಒಂದು ಬಿದಿರಿನ ಕೊಳವೆ ಹುಗಿದು, ಊರ ಬಡಿಗ ಕೆತ್ತಿಕೊಟ್ಟ ಬಿರಡೆಗೆ ಬಟ್ಟೆ ಸುತ್ತಿ ಹೊರತುದಿಗೆ ಜಡಿದೆವು. ಬಿರಡೆಯ ಕಾವಲು ಗೌಡರ ಮಗಳದು. ಬಾಯಿಯವರು ಹೋಗುವ ಮೊದಲು ಅಂಗಳದ ಊರಿನ ಮುಂದೆ ಕುಕ್ಕರುಗಾಲಲ್ಲಿ ಕೂತು ಒಂದು ಮಣ್ಣಿನ ಗುಡಿಸಲನ್ನು ಎತ್ತಿ ಎರಡು ಬೆರಳು ಆಚೆ ಇಟ್ಟರು.

"ನಮ್ಮನೆ ಇಲ್ಲಿ. ಊರಿಗೆ ಹೋಗಿ ಮೂರು ವರ್ಷ ಆಯ್ತು" ಎಂದರು. ಈ ಸಲ ಕಣ್ಣೊರೆಸಿಕೊಂಡದ್ದು ನಗುವಿಗಲ್ಲ.

ಪಾಠದ ದಿನ ಬಂತು. ಇಟಗಿಯಿಂದ, ಗಜೇಂದ್ರಗಡದಿಂದ, ಎಲ್ಲೆಲ್ಲಿಂದಲೋ ಮಾಸ್ತರರು ಬಂದರು. ಸಾಹೇಬರು ಕುರ್ಚಿಯಲ್ಲಿ, ಗೌಡರು ಕಟ್ಟೆಯ ಮೇಲೆ, ನರ್ಸಬಾಯಿ ಅಂಗಳದ ಬೇವಿನ ಮರದ ಕೆಳಗೆ. ಸಮುದ್ರ ತುಂಬಿತ್ತು. ಹೊಂಡದ ನೀರಾದ್ದರಿಂದ ಬಣ್ಣ ಚಹಾದಂತಿತ್ತು, ಅಷ್ಟೆ. ದೋಣಿಗಳು ಅಳಿವೆಯೊಳಗೆ ಸಜ್ಜಾಗಿ ನಿಂತಿದ್ದವು. ಮೊದಲು ದೋಣಿ ಹೊರಡುವುದು, ಆಮೇಲೆ ಬಲೆ, ಆಮೇಲೆ ಇಳಿತ ಎಂದು ನಾನು ಟಿಪ್ಪಣಿ ಬರೆದು ಸಾಹೇಬರ ಕೈಗೆ ಕೊಟ್ಟಿದ್ದೆ.

ಮಕ್ಕಳು ಪ್ರಾರ್ಥನೆಗೆ ಸಾಲಾಗಿ ನಿಂತಿದ್ದಾಗ, ಬಂದ ಮಾಸ್ತರರಲ್ಲೊಬ್ಬರು ನೆಲದಿಂದ ಇಣುಕುತ್ತಿದ್ದ ಬಿರಡೆಯನ್ನು ಕಂಡು, "ಇದೇನಿದು?" ಎಂದು ಎಳೆದು ಕೈಯಲ್ಲಿ ಹಿಡಿದು ನೋಡತೊಡಗಿದರು. ಪ್ರಾರ್ಥನೆ ಮುಗಿದು ನಾನು ತಿರುಗಿ ನೋಡಿದರೆ ಸಮುದ್ರ ಮುಕ್ಕಾಲು ಖಾಲಿ. ದೋಣಿಗಳು ಕೆಸರಿನಲ್ಲಿ ವಾರೆಯಾಗಿ ಕೂತಿದ್ದವು. ಐದು ಹುಡುಗಿಯರ ಐದನೆಯ ಇಯತ್ತೆ ಆ ಕೊಳವೆಯಲ್ಲಿ ಹರಿದುಹೋಯಿತು ಎಂದೇ ಅನಿಸಿತು. ಸಾಹೇಬರು ಟಿಪ್ಪಣಿ ನೋಡಿದರು, ಸಮುದ್ರ ನೋಡಿದರು, ನನ್ನನ್ನು ನೋಡಿದರು.

ಗೌಡರ ಮಗಳು ಯಾರ ಮುಖವನ್ನೂ ನೋಡಲಿಲ್ಲ. ಮುಂದೆ ಬಂದು ಗಟ್ಟಿಯಾಗಿ ಹೇಳಿದಳು:

"ಈಗ ಇಳಿತ ಆಗೇತ್ರಿ. ಅಳಿವ್ಯಾಗ ಉಸುಕಿನ ದಿಬ್ಬ ಎದ್ದೈತಿ, ದೋಣಿ ಹೋಗಾಂಗಿಲ್ಲ. ನೀರ ಏರೂತನಕ ಗಂಡಸರು ಕಾಯ್ತಾರ. ಹೆಂಗಸರು ಸುಮ್ಮ ಕೂಡೂದಿಲ್ರಿ, ಚಿಪ್ಪಿ ಆರಸ್ತಾರ. ಬರ್ರೇ!"

ಉಳಿದ ನಾಲ್ವರು ಹುಡುಗಿಯರು ಲಂಗ ಎತ್ತಿ ಕಟ್ಟಿ ಕೆಸರಿಗಿಳಿದೇಬಿಟ್ಟರು. ಚಿಪ್ಪಿ ಎಲ್ಲಿತ್ತು? ಮೀನಿನ ಹೊಟ್ಟೆಗೆ ಸಿಕ್ಕಿಸಿ ಉಳಿದು ಕೆಸರಲ್ಲಿ ಬಿದ್ದಿದ್ದ ಹರಳುಗಳನ್ನೇ ಆರಿಸಿ ಉಡಿಯಲ್ಲಿ ತುಂಬಿದರು. ಗೌಡರ ಮಗಳು ಆ ಮಾಸ್ತರರ ಕೈಯಿಂದ ಬಿರಡೆ ಇಸಿದುಕೊಂಡು ಜಡಿದು, ಗಂಡುಮಕ್ಕಳಿಗೆ, "ಭರತ ಬರೂ ಹೊತ್ತಾತು, ಹೊಂಡಕ್ಕ ಓಡ್ರೋ" ಎಂದಳು. ಅವರು ಕೊಡ ಹೊತ್ತು ಓಡಿದರು. ನರ್ಸಬಾಯಿ ತಡೆಯಲಾರದೆ ಚಪ್ಪಾಳೆ ತಟ್ಟಿದರು. ನೀರು ಬರುವ ತನಕ ಅವರೇ ಮುಂದೆ ಬಂದು ಮರಳಿನ ಬಾವಿಯ ಕತೆ, ಮಳೆಗಾಲದ ಕತೆ ಹೇಳಿದರು. ಕಡಲು ನಿಧಾನವಾಗಿ ಏರಿತು, ದೋಣಿಗಳು ಎದ್ದು ನಿಂತವು.

ಸಾಹೇಬರು ಹುಡುಗಿಯನ್ನು ಕರೆದು ಕೇಳಿದರು. "ಇದೆಲ್ಲಾ ಯಾರು ಹೇಳಿಕೊಟ್ರವಾ, ನಿಮ್ಮ ಮಾಸ್ತರೇನು?"

"ಅಲ್ರಿ. ಬಾಯಾರು. ನಮ್ಮ ಮಾಸ್ತರು ಸಮುದ್ರಾ ನೋಡೇ ಇಲ್ರಿ."

ಸಾಹೇಬರು ನನ್ನ ಕಡೆ ತಿರುಗಿದರು. "ಹೌದೇನ್ರಿ?"

"ಹೌದ್ರಿ ಸಾಹೇಬ್ರ. ಅದಕ್ಕ ಬಾಯಾರನ್ನ ಕರಕೊಂಡ ಬಂದೇನಿ."

"ಚಲೋ ಮಾಡೀರಿ" ಎಂದರು. ಪುಸ್ತಕದಲ್ಲಿ ಏನೋ ಬರೆದುಕೊಂಡರು. "ಪಾಠದ್ದು ನನ್ನ ತಕರಾರಿಲ್ಲ. ಖೋಲಿ ಎಲ್ಲಿ ಅದ?"

ನಾನು ಗೌಡರ ಕಡೆ ನೋಡಿದೆ. ಗೌಡರು ಆಕಾಶ ನೋಡುತ್ತಿದ್ದರು.

ಪಾಠ ಇನ್ನೂ ಮುಗಿದಿರಲಿಲ್ಲ. ಇಡೀ ವರ್ಗ ಎರಡು ಸಾಲಾಗಿ ನಿಂತು ಬಲೆ ಎಳೆಯಿತು. ಮೀನು ದಂಡೆಗೆ ಬಂತು. ಕಣದಲ್ಲಿ ಆಯ ಅಳೆಯುವ ಹಾಗೆ ಹುಡುಗಿ ಒಬ್ಬೊಬ್ಬರ ಹೆಸರು ಕೂಗಿ ಪಾಲು ಹಾಕಿದಳು. ಬಲೆಯ ತುಂಡು ತಂದವರಿಗೆ, ಬಿರಡೆ ಕೆತ್ತಿಕೊಟ್ಟ ಬಡಿಗನಿಗೆ, ಬಾಯಿಯವರಿಗೆ, ನನಗೆ. ಕೊನೆಗೆ ಒಂದು ಬೆಂಡಿನ ಮೀನನ್ನು ಅಂಗೈಯಲ್ಲಿಟ್ಟುಕೊಂಡು ನೇರ ಕಟ್ಟೆಯ ಬಳಿ ಹೋದಳು.

"ಅಪ್ಪಾ, ಇದು ನಿಮ್ಮ ಪಾಲು. ಸಮುದ್ರದ ತಳಾ ನಿಮ್ಮ ಬಂಡಿ ತಂದ ಸವಳು."

ಜೋಳದ ಬೆಂಡೇ ಆದರೂ ಮೀನು ಮೀನೇ. ಗೌಡರು ಅದನ್ನು ನೋಡಿದರು, ಮಗಳನ್ನು ನೋಡಿದರು. ಎದುರಿಗೆ ಇಟ್ಟ ಆಯವನ್ನು ಬೇಡ ಎನ್ನುವ ರೂಢಿ ನಮ್ಮ ಕಡೆ ಇಲ್ಲ. ಕೈ ಚಾಚಿದರು. ಒದ್ದೆ ಮೀನು ಅಂಗೈಗೆ ಬಿದ್ದಾಗ ಅದನ್ನು ಎಲ್ಲಿಡುವುದು ತಿಳಿಯದೆ ಅತ್ತಿತ್ತ ನೋಡಿದ ಅವರ ಪರಿ ಕಂಡು ಸಾಹೇಬರೇ ಮೊದಲು ನಕ್ಕರು. ಆಮೇಲೆ ಇಡೀ ಅಂಗಳ ನಕ್ಕಿತು. ಗೌಡರು ನಗಲಿಲ್ಲ. ರುಮಾಲಿನ ಸೆರಗಿನಿಂದ ಮೀನನ್ನು ಒರೆಸಿ, ಅದನ್ನು ಅಂಗಿಯ ಕಿಸೆಗೆ ಹಾಕಿಕೊಂಡರು.

"ಪಾಲ ತಗೊಂಡಮ್ಯಾಲ ಮುಗೀತಲ್ರಿ ಸಾಹೇಬ್ರ" ಎಂದರು. "ದುಡೀದಽ ಆಯ ತಿಂದಾಂವ ಅಂತ ಊರಾಗ ಅನಿಸ್ಕೊಳ್ಳಾಕ ಆಗೂದಿಲ್ಲ. ಬರ್ರಿ, ಖೋಲಿ ತೋರಸ್ತೇನಿ."

ಬೇಸಗೆ ರಜೆ ಮುಗಿದು ಐದನೆಯ ಇಯತ್ತೆಯ ಮೊದಲ ದಿನ ನಾನು ಬೇಗ ಹೋಗಿ ಖೋಲಿಯ ಬಾಗಿಲು ತೆಗೆದೆ. ಮೂಲೆಯಲ್ಲಿ ಇನ್ನೂ ಹತ್ತಿಯ ಎಳೆಗಳಿದ್ದವು. ಗೋಡೆಗೆ ಹೊಸದಾಗಿ ಸುಣ್ಣ ಹಚ್ಚಿಸಿದ್ದರು. ದೀಪದ ಗೂಡಿನಲ್ಲಿ ಆ ಬೆಂಡಿನ ಮೀನು ಇತ್ತು. ಶಾಲೆಯ ಹೊಸ್ತಿಲನ್ನು ಮೀನು ದಾಟಕೂಡದು ಎಂದವರು ತಾವೇ ತಂದು ಇಟ್ಟಿದ್ದರು.

ಗಂಟೆ ಬಾರಿಸಿ ಹಾಜರಿ ಪುಸ್ತಕ ಬಿಡಿಸಿದೆ. ಮೊದಲನೆಯದು ಗೌಡರ ಮಗಳ ಹೆಸರು. ಗಟ್ಟಿಯಾಗಿ ಕರೆದೆ.

"ಹಾಜರ್ ಸರ" ಎಂದಳು. ಕೂಡಲೇ ಕೈಯೆತ್ತಿದಳು. "ಸರ, ಬೋರ್ಡಿನ ಮ್ಯಾಲ ನಾಲ್ಕನೇ ಇಯತ್ತೆ ಅಂತ ಬರದೀರಿ."